ಮೂರು ನೀರಿನಲ್ಲಿ ತೊಳೆದ ಸಿಪ್ಪೆ

ಊಟ ಬಲ್ಲವನಿಗೆ ರೋಗವಿಲ್ಲ ಎಂದು ಗಾದೆ ಕಟ್ಟಿದ ಪುಣ್ಯಾತ್ಮ ಮೇಸ್ತ್ರಿಯನ್ನು ನೋಡಿರಲಿಲ್ಲ. ನೋಡಿದ್ದರೆ ಬಾಯಿ ಮುಚ್ಚಿಕೊಂಡಿರುತ್ತಿದ್ದ. ಮೇಸ್ತ್ರಿ ಅರ್ಧ ಆಯುಷ್ಯವನ್ನು ಬೇಕರಿಯ ಒಲೆಯ ಮುಂದೆ ಕಳೆದವರು. ಕಲಸಿಟ್ಟ ಹಿಟ್ಟನ್ನು ಬೆರಳ ತುದಿಯಲ್ಲಿ ಮುಟ್ಟಿ ನಾಲಿಗೆಗೆ ತಾಕಿಸಿ, ಇದು ಇನ್ನೂ ಒಂದು ಗಂಟೆ ಉಬ್ಬಬೇಕು ಎನ್ನುತ್ತಿದ್ದರು. ಅದು ಹಾಗೇ ಆಗುತ್ತಿತ್ತು. ಬೆಣ್ಣೆ ನಿನ್ನೆಯದೋ ಹೋದ ವಾರದ್ದೋ ಅವರಿಗೆ ಹೇಳಬೇಕಾಗಿರಲಿಲ್ಲ. ಬೆಣ್ಣೆ ತಂದುಕೊಡುವವನು ಅವರ ಮುಖ ನೋಡಿಯೇ ಡಬ್ಬ ವಾಪಸ್ ಎತ್ತಿಕೊಳ್ಳುತ್ತಿದ್ದ. ಅಂಥವರ ಗಂಟಲಿಗೇ ಗಡ್ಡೆ ಬಂತು.

ಆಸ್ಪತ್ರೆಯಲ್ಲಿ ವಾರಗಟ್ಟಲೆ ಕರೆಂಟು, ಅಂದರೆ ರೇಡಿಯೇಶನ್, ಕೊಟ್ಟರು. ಗಡ್ಡೆ ಕರಗಿತು. ಅದರ ಜೊತೆಗೆ ನಾಲಿಗೆಯ ರುಚಿಯೂ ಕರಗಿ ಹೋಯಿತು. ಬ್ರೆಡ್ಡು ಹತ್ತಿಯ ಹಾಗೆ, ಹಾಲು ಸುಣ್ಣದ ನೀರಿನ ಹಾಗೆ ಎಂದು ಮೇಸ್ತ್ರಿ ಹೇಳುತ್ತಿದ್ದರು. ರುಚಿ ವಾಪಸ್ ಬರುತ್ತದೆಯೇ ಎಂದು ಕೇಳಿದರೆ ಡಾಕ್ಟರು, ಬರಬಹುದು, ಕೆಲವರಿಗೆ ಬರದೆಯೂ ಇರಬಹುದು ಎಂದು ಅಡ್ಡಗೋಡೆಯ ಮೇಲೆ ದೀಪ ಇಟ್ಟರು.

ಮೇಸ್ತ್ರಿ ಹೆಂಡತಿಯನ್ನು ಕರೆಯುವುದು 'ಇವಳೇ' ಎಂದು. ಮದುವೆಯಾದ ಹೊಸದರಲ್ಲಿ ಹೆಸರು ಹಿಡಿಯಲು ನಾಚಿಕೊಂಡು ಹಾಗೆ ಕರೆದದ್ದು, ಕೊನೆಗೆ ಅದೇ ಹೆಸರಾಗಿ ನಿಂತಿತು. ಇವಳದು ಮುಂದಿನ ಕೋಣೆಯಲ್ಲಿ ಹೊಲಿಗೆ ಯಂತ್ರ ಇಟ್ಟುಕೊಂಡು ಬಟ್ಟೆ ಸರಿಮಾಡಿಕೊಡುವ ಕಸುಬು. ಪ್ಯಾಂಟಿನ ಉದ್ದ ಕಡಿಮೆ ಮಾಡುವುದು, ಜಿಪ್ಪು ಬದಲಾಯಿಸುವುದು, ದಪ್ಪಗಾದವರಿಗೆ ಸೊಂಟ ಬಿಡುವುದು, ತೆಳ್ಳಗಾದವರಿಗೆ ಹಿಡಿಯುವುದು. ಗಂಡನಿಗೆ ಕಾಯಿಲೆ ಬಂದ ಮೇಲೆ ಇವಳು ಇನ್ನೊಂದು ಕಸುಬನ್ನೂ ಕಲಿತಳು. ಅದು ಸುಳ್ಳು ಹೇಳುವುದು.

ಮೊದಲು ಸಣ್ಣಪುಟ್ಟ ಸುಳ್ಳುಗಳು. ಇವತ್ತು ನಿಮ್ಮ ಮುಖದಲ್ಲಿ ಕಳೆ ಬಂದಿದೆ. ಡಾಕ್ಟರು ಒಳ್ಳೆಯದನ್ನೇ ಹೇಳಿದರು. ನಿನ್ನೆಗಿಂತ ಇವತ್ತು ಜಾಸ್ತಿ ತಿಂದಿರಿ. ಆಮೇಲೆ ಸ್ವಲ್ಪ ದೊಡ್ಡವು. ಮೇಸ್ತ್ರಿ ಮಧ್ಯಾಹ್ನ ಮಲಗಿದಾಗ ಇವಳು ಅವರ ಪ್ಯಾಂಟುಗಳನ್ನು ಒಂದೊಂದಾಗಿ ತೆಗೆದು ಸೊಂಟ ಹಿಡಿದು ಹೊಲಿದು, ಇಸ್ತ್ರಿ ಮಾಡಿ, ಇದ್ದ ಜಾಗದಲ್ಲೇ ಇಡುತ್ತಿದ್ದಳು. ಪ್ಯಾಂಟು ಸಡಿಲವಾಗಬಾರದು, ತಾನು ಕರಗುತ್ತಿದ್ದೇನೆ ಎಂದು ಅವರಿಗೆ ಅನ್ನಿಸಬಾರದು, ಅಷ್ಟೇ. ಒಳ್ಳೆಯದಕ್ಕೆ ಹೇಳಿದ ಸುಳ್ಳಿಗೆ ಪಾಪವಿಲ್ಲ ಎಂದು ಇವಳು ನಂಬಿದ್ದಳು. ನಂಬದೆ ಇನ್ನೇನು ಮಾಡಿಯಾಳು!

ಬೇಕರಿ ಮಾಲೀಕ ವಯಸ್ಸಿನಲ್ಲಿ ಚಿಕ್ಕವನು, ಮನಸ್ಸು ಒಳ್ಳೆಯದು. ಅವನ ಅಪ್ಪನ ಕಾಲದಿಂದಲೂ ಇದ್ದ ಮೇಸ್ತ್ರಿಯ ಜಾಗವನ್ನು ಅವನು ಯಾರಿಗೂ ಕೊಟ್ಟಿರಲಿಲ್ಲ. ಆದರೆ ಗಿರಾಕಿಗಳು ಬ್ರೆಡ್ಡು ಮೊದಲಿನ ಹಾಗಿಲ್ಲ ಎಂದು ಮೂಗು ಮುರಿಯಲು ಶುರುಮಾಡಿದ್ದರು. ಆ ಸಮಯಕ್ಕೆ ಸರಿಯಾಗಿ ಮೇಸ್ತ್ರಿ, ನಾಲಿಗೆಗೆ ಸ್ವಲ್ಪ ಸ್ವಲ್ಪ ಸಿಹಿ ಗೊತ್ತಾಗುತ್ತಿದೆ ಎಂದು ಹೇಳತೊಡಗಿದರು. ಮಾಲೀಕ ಮನೆಗೇ ಬಂದು ಕೂತು, ಈ ಸಲದ ಮಾರ್ಮಲೇಡ್ ಮಾಡಿ ಒಂದು ಬಾಟಲಿ ತಂದುಕೊಡಿ, ಅದು ಸರಿಯಾಗಿದ್ದರೆ ಮರುದಿನದಿಂದಲೇ ಕೆಲಸಕ್ಕೆ ಬನ್ನಿ, ಇಲ್ಲದಿದ್ದರೆ ನಾನು ಬೇರೆಯವರನ್ನು ನೋಡಲೇಬೇಕು ಎಂದು ತಲೆ ತಗ್ಗಿಸಿ ಹೇಳಿ ಹೋದ.

ಮಾರ್ಮಲೇಡ್ ಎಂದರೆ ಮೇಸ್ತ್ರಿಯ ಹೆಸರು, ಮೇಸ್ತ್ರಿ ಎಂದರೆ ಮಾರ್ಮಲೇಡ್. ಕಹಿ ಕಿತ್ತಳೆ ಪೇಟೆಗೆ ಬರುವುದು ವರ್ಷದಲ್ಲಿ ಕೆಲವೇ ದಿನ. ಆಗ ಅವರು ಬೇಕರಿಗೆ ರಜೆ ಹಾಕಿ ಮನೆಯ ಅಡುಗೆಮನೆಯಲ್ಲೇ ಅದರ ಸಿಪ್ಪೆಯ ಈ ಜಾಮನ್ನು ಕಾಯಿಸುತ್ತಿದ್ದರು. ಬೇಕರಿಯಲ್ಲಿ ಮಾಡಿದರೆ ಈಸ್ಟಿನ ವಾಸನೆ ಹತ್ತುತ್ತದೆ ಎಂಬುದು ಅವರ ಹಟ. ಆ ಬಾಟಲಿಗಳಿಂದಲೇ ವರ್ಷವಿಡೀ ಬೇಕರಿಯ ಬನ್ನಿನೊಳಗೆ ಕಿತ್ತಳೆ ಸೇರುತ್ತಿತ್ತು.

ಹಣ್ಣು ಬಂದ ದಿನ ಗಂಡ ಹೆಂಡತಿ ಎದುರುಬದುರು ಕೂತು ಸಿಪ್ಪೆ ಹೆಚ್ಚಿದರು. ಇವಳಿಗೆ ಕತ್ತರಿ ಹಿಡಿದು ಪಳಗಿದ ಕೈ, ಎಳೆಗಳು ಒಂದೇ ಸಮ ಬೀಳುತ್ತಿದ್ದವು. ರಸ ಒಂದು ಕಡೆ, ಬೀಜ ಮತ್ತು ಬಿಳಿ ತಿರುಳು ಇನ್ನೊಂದು ಕಡೆ. ಬೀಜವನ್ನೂ ತಿರುಳನ್ನೂ ತೆಳು ಬಟ್ಟೆಯಲ್ಲಿ ಗಂಟು ಕಟ್ಟಿ ಸಿಪ್ಪೆಯ ಜೊತೆ ಬೇಯಿಸಿದರೇ ಪಾಕ ಗಟ್ಟಿಯಾಗುವುದು. ಮೇಸ್ತ್ರಿಯ ಕ್ರಮದಲ್ಲಿ ಇನ್ನೊಂದು ವಿಶೇಷವಿತ್ತು. ಅವರು ಹೆಚ್ಚಿದ ಸಿಪ್ಪೆಯನ್ನು ರಾತ್ರಿಯಿಡೀ ಉಪ್ಪುನೀರಿನಲ್ಲಿ ನೆನೆಹಾಕುತ್ತಿದ್ದರು. ಗಂಟಲು ಹಿಡಿಯುವ ಕಹಿಯನ್ನು ಉಪ್ಪು ಎಳೆದುಕೊಳ್ಳುತ್ತದೆ, ನಾಲಿಗೆ ಮೆಚ್ಚುವ ಕಹಿಯನ್ನು ಬಿಡುತ್ತದೆ ಎನ್ನುತ್ತಿದ್ದರು. ಬೆಳಿಗ್ಗೆ ಮೂರು ನಾಲ್ಕು ನೀರು ಬದಲಾಯಿಸಿ ತೊಳೆದು, ಒಂದು ಎಳೆ ಕಚ್ಚಿ, ಉಪ್ಪು ಪೂರ್ತಿ ಬಿಟ್ಟಿದೆ ಎಂದು ಗೊತ್ತಾದ ಮೇಲೆಯೇ ಒಲೆಗೆ ಏರಿಸುವುದು.

ಮರುದಿನ ಬೆಳಿಗ್ಗೆ ಮೇಸ್ತ್ರಿ ತಾವೇ ಸಿಪ್ಪೆ ತೊಳೆದರು. ಇವಳು ಬಾಟಲಿಗಳನ್ನು ಕುದಿಯುವ ನೀರಿನಲ್ಲಿ ಅದ್ದುತ್ತಿದ್ದಳು. ಅವರು ಒಂದು ಎಳೆ ಬಾಯಿಗೆ ಹಾಕಿಕೊಂಡು ತೊಟ್ಟಿಗೆ ಉಗಿದು, "ಉಪ್ಪು ಹೋಯ್ತು" ಎಂದರು. ಒಂದು ಗಳಿಗೆ ಬೆನ್ನು ಚಾಚಿ ಬರುತ್ತೇನೆ ಎಂದು ಒಳಗೆ ಹೋದರು.

ಇವಳು ಅಭ್ಯಾಸಬಲದಿಂದ ಒಂದು ಎಳೆ ಎತ್ತಿ ಕಚ್ಚಿದಳು. ಉಪ್ಪೆಂದರೆ ಉಪ್ಪು. ಒಂದೇ ನೀರಿನಲ್ಲಿ ತೊಳೆದಂತಿತ್ತು. ಇನ್ನೊಂದು ಎಳೆ ಕಚ್ಚಿದಳು, ತಳದಿಂದ ಮತ್ತೊಂದು. ಎಲ್ಲವೂ ಹಾಗೇ.

ಇವಳು ತೊಟ್ಟಿಯ ಅಂಚು ಹಿಡಿದು ನಿಂತಳು. ಹಾಗಾದರೆ ನಾಲಿಗೆಗೆ ಏನೂ ತಿಳಿದಿಲ್ಲ. ಸಿಹಿ ಗೊತ್ತಾಗುತ್ತಿದೆ ಎಂದದ್ದು ಬರೀ ಆಸೆ. ಈಗ ಹೋಗಿ ಎಬ್ಬಿಸಿ ಹೇಳಬೇಕು: ರೀ, ಉಪ್ಪು ಹಾಗೇ ಇದೆ. ಆ ಒಂದು ಮಾತಿಗೆ ಅವರ ಮುಖ ಏನಾಗುತ್ತದೆ ಎಂಬುದು ಇವಳ ಕಣ್ಣಿಗೆ ಕಟ್ಟಿತು. ಆಸ್ಪತ್ರೆಯಲ್ಲಿ ಕುತ್ತಿಗೆಯ ಚರ್ಮ ಸುಟ್ಟು ಕಪ್ಪಾದಾಗಲೂ ಅಳದ ಮನುಷ್ಯ, ಮಾಲೀಕ ಬಂದು ಹೋದ ದಿನ ಬಚ್ಚಲಿಗೆ ಹೋಗಿ ನಲ್ಲಿ ಬಿಟ್ಟುಕೊಂಡು ಅತ್ತಿದ್ದರು. ಬಾಗಿಲ ಹೊರಗೆ ನಿಂತು ಇವಳು ಕೇಳಿಸಿಕೊಂಡಿದ್ದಳು.

ಇವಳು ಹೇಳಲಿಲ್ಲ. ನಲ್ಲಿಯನ್ನು ಸಣ್ಣಗೆ, ಸದ್ದಾಗದಂತೆ ತಿರುಗಿಸಿದಳು. ಒಂದು ನೀರು ತೊಳೆದು ಚೆಲ್ಲಿದಳು. ಎರಡನೆಯದು. ಮೂರನೆಯ ನೀರು ಚೆಲ್ಲಿ ಎಳೆ ಕಚ್ಚಿದಾಗ ಉಪ್ಪು ಹೋಗಿತ್ತು. ಸಿಪ್ಪೆಯನ್ನು ಹಿಂಡಿ, ಅವರು ಇಟ್ಟಿದ್ದ ಹಾಗೆಯೇ ಪಾತ್ರೆಯಲ್ಲಿ ಹರಡಿ, ಕೈ ಒರೆಸಿಕೊಂಡು ಬಾಟಲಿಗಳ ಕಡೆ ತಿರುಗಿದಳು. ಬೇಕರಿಯಲ್ಲಿ ಅವರ ಹಿಂದೆ ನಿಂತು ತೊಳೆಯುವವರು ಯಾರು ಎಂಬ ಪ್ರಶ್ನೆ ಬಂತು. ಅದನ್ನು ನಾಳೆ ನೋಡೋಣ ಎಂದು ಮನಸ್ಸಿನ ಮೂಲೆಗೆ ತಳ್ಳಿದಳು.

ಮೇಸ್ತ್ರಿ ಎದ್ದು ಬಂದು ಒಲೆ ಹಚ್ಚಿದರು. ಸಿಪ್ಪೆ ಎರಡು ಬೆರಳ ನಡುವೆ ಒತ್ತಿದರೆ ಕರಗುವಷ್ಟು ಬೆಂದ ಮೇಲೆಯೇ ಸಕ್ಕರೆ ಸುರಿದರು. ಮೊದಲೇ ಸುರಿದರೆ ಸಿಪ್ಪೆ ತೊಗಲಾಗುತ್ತದೆ, ಆಮೇಲೆ ಎಷ್ಟು ಕುದಿಸಿದರೂ ಬಗ್ಗುವುದಿಲ್ಲ. ಕಣ್ಣೂ ಕೈಯೂ ಕೆಲಸ ಮರೆತಿರಲಿಲ್ಲ. ನೊರೆ ಇಳಿದು ಗುಳ್ಳೆ ದಪ್ಪಗಾದಾಗ, ತಣ್ಣಗಿಟ್ಟಿದ್ದ ತಟ್ಟೆಯ ಮೇಲೆ ಒಂದು ಚಮಚ ಬಿಟ್ಟು ಬೆರಳಿನಿಂದ ತಳ್ಳಿದರು. ಪಾಕದ ಮೇಲ್ಮೈ ಸುಕ್ಕುಗಟ್ಟಿತು. ಹದ ಬಂದಿತ್ತು.

ಮೇಸ್ತ್ರಿ ಆ ಬೆರಳನ್ನು ಬಾಯಿಗಿಟ್ಟುಕೊಂಡು ಕಣ್ಣು ಮುಚ್ಚಿದರು. ಬಹಳ ಹೊತ್ತು ಮುಚ್ಚಿಕೊಂಡೇ ಇದ್ದರು. ಕಣ್ಣು ತೆರೆದಾಗ ಮುಖದಲ್ಲಿ ಏನೂ ಇರಲಿಲ್ಲ. "ನೀನೂ ನೋಡು" ಎಂದು ತಟ್ಟೆಯನ್ನು ಇವಳ ಕಡೆ ಸರಿಸಿದರು.

ಇವಳು ನೋಡಿದಳು. ಸಿಹಿಯ ಬೆನ್ನಿಗೇ ಕಹಿ, ಅದರ ಹಿಂದೆ ಹುಳಿ. ಉಪ್ಪಿನ ಸುಳಿವಿರಲಿಲ್ಲ. "ಇಷ್ಟು ಚೆನ್ನಾಗಿ ಯಾವತ್ತೂ ಬಂದಿಲ್ಲ" ಎಂದಳು. ವರ್ಷದಲ್ಲಿ ಮೊದಲ ಸಲ ಮನಸ್ಸಾರೆ ನಿಜ ಹೇಳಿದ್ದಳು. ಮೇಸ್ತ್ರಿ ಇವಳನ್ನೇ ಒಂದು ಗಳಿಗೆ ದಿಟ್ಟಿಸಿ ನೋಡಿ, "ಹೌದಾ" ಎಂದು ಬಾಟಲಿ ತುಂಬಲು ಬಗ್ಗಿದರು.

ಮರುದಿನ ಬಾಟಲಿ ಹಿಡಿದುಕೊಂಡು ಬೇಕರಿಗೆ ಹೋದರು. ಇವಳು ಯಾರದೋ ಕೋಟಿನ ಅಸ್ತರಿ ಹೊಲಿಯುತ್ತ ಬಾಗಿಲ ಕಡೆಯೇ ಕಣ್ಣಿಟ್ಟಿದ್ದಳು. ಅವರು ಬಂದು ಚಪ್ಪಲಿ ಬಿಟ್ಟು, ಗಿರಾಕಿಗಳು ಕೂರುವ ಕುರ್ಚಿಯಲ್ಲಿ ಕೂತರು.

"ಬಿಟ್ಟು ಬಂದೆ ಇವಳೇ" ಎಂದರು. "ಬೇರೆಯವರನ್ನ ನೋಡ್ಕೊಳಪ್ಪ ಅಂತ ಹೇಳ್ಬಿಟ್ಟೆ."

ಯಂತ್ರದ ಚಕ್ರದ ಮೇಲಿದ್ದ ಇವಳ ಕೈ ನಿಂತಿತು. ಮಾಲೀಕನಿಗೆ ಹಿಡಿಸಲಿಲ್ಲವೇ ಎಂದು ಕೇಳಿದಳು. ಹಿಡಿಸಿತು, ಬೆರಳು ನೆಕ್ಕಿಕೊಂಡು ತಿಂದ, ಅಪ್ಪನ ಕಾಲದಲ್ಲೂ ಇಂಥದ್ದು ಬಂದಿರಲಿಲ್ಲ ಅಂದ, ಎಂದು ಹೇಳುವಾಗ ಮೇಸ್ತ್ರಿಯ ತುಟಿಯ ಮೇಲೆ ಒಂಥರಾ ನಗು ಇತ್ತು. ನನ್ನ ಮುಖ ನೋಡಿ ಕನಿಕರಕ್ಕೆ ಅಂದದ್ದು ಎಂದರು. ಆಮೇಲೆ ನಿಧಾನವಾಗಿ, ಬೇರೆ ಯಾರದೋ ವಿಷಯ ಹೇಳುವ ಹಾಗೆ ಎಲ್ಲವನ್ನೂ ಹೇಳಿದರು. ರುಚಿ ಗೊತ್ತಾಗುತ್ತಿದೆ ಎಂದು ಒಂದು ತಿಂಗಳಿಂದ ಅನ್ನಿಸುತ್ತಿತ್ತಂತೆ. ಆದರೆ ಅದು ನಾಲಿಗೆಯದೋ ನೆನಪಿನದೋ ತಿಳಿಯುತ್ತಿರಲಿಲ್ಲವಂತೆ. ಸಕ್ಕರೆ ಎಂದು ನೋಡಿದ ಕೂಡಲೇ ಬಾಯಿ ಸಿಹಿ ಎನ್ನುತ್ತದೆ, ಅದನ್ನು ನಂಬುವುದು ಹೇಗೆ? ಅದಕ್ಕೇ ಒಂದು ಪರೀಕ್ಷೆ ಇಟ್ಟುಕೊಂಡರಂತೆ.

"ಸಿಪ್ಪೆ ಬೇಕಂತಲೇ ಸರಿಯಾಗಿ ತೊಳೀಲಿಲ್ಲ. ಉಪ್ಪು ಹಾಗೇ ಬಿಟ್ಟೆ. ಆಗಲೇ ಅಗಿದು ನೋಡೋಕೆ ಹೆದರಿಕೆಯಾಗಿ ಉಗಿದ್ಬಿಟ್ಟೆ. ಮಾರ್ಮಲೇಡಿನ ನೆನಪಲ್ಲಿ ಉಪ್ಪು ಇಲ್ವಲ್ಲ. ನಾಲಿಗೆ ಬದುಕಿದ್ರೆ ಅದು ಉಪ್ಪನ್ನ ಹಿಡಿದು ಕೊಡುತ್ತೆ ಅಂದ್ಕೊಂಡೆ. ಬೆರಳು ಬಾಯಿಗಿಟ್ಟೆ. ಸಿಹಿ ಬಂತು, ಕಹಿ ಬಂತು, ಪ್ರತಿ ವರ್ಷದ ಹಾಗೇ ಬಂತು. ಉಪ್ಪು ಬರಲಿಲ್ಲ. ಎಲ್ಲಾ ನೆನಪು ಇವಳೇ. ನಾಲಿಗೆ ಸತ್ತು ಹೋಗಿದೆ."

"ಅಯ್ಯೋ, ಅದನ್ನ ನಾನು ತೊಳೆದೆ ಕಣ್ರೀ" ಎಂದಳು. "ನೀವು ಮಲಗಿದ್ರಲ್ಲ, ಆಗ ತೊಳೆದೆ. ಉಪ್ಪು ಇದ್ದದ್ದು ನಿಜ, ಇರೋದನ್ನ ನೋಡಿ ನಾನೇ ತೊಳೆದೆ. ಮಾರ್ಮಲೇಡಲ್ಲಿ ಉಪ್ಪೇ ಇಲ್ಲ. ನಿಮ್ಮ ನಾಲಿಗೆ ಸರಿಯಾಗೇ ಹೇಳಿದೆ."

ಮೇಸ್ತ್ರಿ ಎದ್ದು ಬಂದು ಇವಳ ತಲೆಯ ಮೇಲೆ ಕೈಯಿಟ್ಟರು. ಕೋಪ ಮಾಡಿಕೊಂಡಿದ್ದರೆ ಇವಳು ತಾಳಿಕೊಳ್ಳುತ್ತಿದ್ದಳು. ಅವರು ಮಗುವನ್ನು ಸಮಾಧಾನ ಮಾಡುವ ಹಾಗೆ ಮಾತಾಡಿದರು. "ನೀನು ಒಳ್ಳೆಯವಳು. ನನ್ನ ಪ್ಯಾಂಟು ಹಿಡಿದು ಹಿಡಿದು ಹೊಲಿದಿದ್ದೂ ನಂಗೊತ್ತು. ಒಳಗಡೆ ಹೊಸ ದಾರ ಕಾಣ್ಸುತ್ತೆ. ಪಾಪ, ಎಷ್ಟು ಕಷ್ಟಪಡ್ತಾಳೆ ಅಂತ ನಾನೂ ಸುಮ್ಮನಿದ್ದೆ. ಆದರೆ ಇದೊಂದು ಬೇಡ."

ಇವಳು ಆಣೆ ಮಾಡಿದಳು. ಅತ್ತಳು. ಅವರು ಹೂಂ ಎಂದರು, ಅಷ್ಟೇ. ಒಂದು ಚಮಚದಲ್ಲಿ ಉಪ್ಪು ತಂದು, ನಾಲಿಗೆಗೆ ಹಾಕಿಕೊಂಡು ನೋಡಿ ಎಂದಳು. ಅದು ಉಪ್ಪು ಎಂದು ಕಣ್ಣಿಗೇ ಕಾಣುತ್ತಿದೆಯಲ್ಲ, ನಾಲಿಗೆ ಯಾಕೆ ಬೇಕು ಎಂದು ಮುಖ ತಿರುಗಿಸಿದರು. ಮೇಲಿನ ಮನೆಯವಳನ್ನು ಕರೆದು ಮಾರ್ಮಲೇಡ್ ತಿನ್ನಿಸಿ, ಉಪ್ಪಿದೆಯೇ ಎಂದು ಅವರೆದುರೇ ಕೇಳಿದಳು. ಆಕೆ ಇಲ್ಲವೇ ಇಲ್ಲ, ಅಮೃತ ಎಂದಳು. ಆಕೆ ಮೆಟ್ಟಿಲು ಹತ್ತಿ ಹೋದ ಮೇಲೆ ಮೇಸ್ತ್ರಿ, ಮೇಲಿನ ಮನೆಯವಳು ನಾನು ಸತ್ತರೂ ಚೆನ್ನಾಗಿ ಸತ್ತರು ಅಂತಾಳೆ ಎಂದರು. ಇವಳಿಗೂ ಅಷ್ಟರ ನಡುವೆ ನಗು ಬಂತು, ನಕ್ಕದ್ದಕ್ಕೆ ಮತ್ತೆ ಅಳು ಬಂತು. ಒಂದು ವರ್ಷ ಬಿತ್ತಿದ್ದು ಸುಳ್ಳು. ಈಗ ನಿಜದ ಬೆಳೆ ಬೇಕೆಂದರೆ ಯಾವ ಹೊಲ ಕೊಟ್ಟೀತು?

ಆಮೇಲೆ ಮೇಸ್ತ್ರಿ ಮಾರ್ಮಲೇಡ್ ಮುಟ್ಟಲಿಲ್ಲ. ಉಪ್ಪಿನದು, ಯಾರಿಗೂ ಕೊಟ್ಟು ಮಾನ ಕಳೆಯಬೇಡ ಎಂದು ಇವಳಿಗೆ ತಾಕೀತು ಮಾಡಿದರು. ಬಾಟಲಿಗಳು ಅಡುಗೆಮನೆಯ ಹಲಗೆಯ ಮೇಲೆ ಹಾಗೇ ಕೂತವು. ಇವಳು ಅವರಿಗೆ ಗೊತ್ತಿಲ್ಲದಂತೆ ಮಾಲೀಕನ ಹತ್ತಿರ ಹೋಗಿ ನಡೆದದ್ದನ್ನೆಲ್ಲ ಹೇಳಿದಳು. ಅವನಿಗೂ ಕಣ್ಣು ತುಂಬಿತು. ಆದರೆ ಮೇಸ್ತ್ರಿ ಆಗಲೇ ತಮ್ಮ ಹಳೆಯ ಶಿಷ್ಯನೊಬ್ಬನಿಗೆ ಫೋನು ಮಾಡಿಯಾಗಿತ್ತು. ಬೇರೆ ಊರಿನಲ್ಲಿ ನೆಮ್ಮದಿಯಾಗಿದ್ದವನು ಅವನು. ಗುರುಗಳು ಕರೆದರು ಎಂದು ಇದ್ದ ಕೆಲಸ ಬಿಟ್ಟು, ಮನೆ ಖಾಲಿ ಮಾಡಿ, ಹೆಂಡತಿಯನ್ನೂ ಕೈಗೂಸನ್ನೂ ಕರೆದುಕೊಂಡು ಹೊರಟಿದ್ದ. ಅವನಿಗೆ ಏನಂತ ಹೇಳಲಿ ಅಮ್ಮ ಎಂದು ಮಾಲೀಕ ಕೇಳಿದ.

ಶಿಷ್ಯ ಬಂದ. ಮೇಸ್ತ್ರಿ ಕೆಲವು ದಿನ ಹೋಗಿ ಅವನ ಪಕ್ಕ ನಿಂತರು. ಒಲೆಯ ಎಡಮೂಲೆಯಲ್ಲಿ ಕಾವು ಹೆಚ್ಚು, ಮಳೆಗಾಲದಲ್ಲಿ ಹಿಟ್ಟಿಗೆ ನೀರು ಕಡಿಮೆ, ಬೆಣ್ಣೆಯವನನ್ನು ನಂಬಬೇಡ ಎಂದೆಲ್ಲ ತಿಳಿಸಿಕೊಟ್ಟರು. ಕೊನೆಯ ದಿನ ಉಗ್ರಾಣದ ಬೀಗದಕೈಯನ್ನು ಅವನ ಕೈಗಿತ್ತು, ನಡೆದುಕೊಂಡೇ ಮನೆಗೆ ಬಂದರು.

ಅವತ್ತು ಸಂಜೆ ಶಿಷ್ಯ ಕೊಟ್ಟು ಕಳಿಸಿದ ಬ್ರೆಡ್ಡು ಮನೆಯಲ್ಲಿತ್ತು. ಇವಳು ಅದನ್ನು ಕೊಯ್ದು, ಬೆಣ್ಣೆ ಮುಗಿದದ್ದನ್ನು ನೋಡಿ, ಒಂದು ಕ್ಷಣ ಅನುಮಾನಿಸಿ, ಹಲಗೆಯ ಮೇಲಿಂದ ಕೈಗೆ ಸಿಕ್ಕಿದ ಬಾಟಲಿಯೊಂದನ್ನು ತೆಗೆದು ಹಚ್ಚಿ ತಂದಿಟ್ಟಳು. ಮೇಸ್ತ್ರಿ ಬೇಡ ಎನ್ನಲಿಲ್ಲ. ಬೇಡ ಎನ್ನುವಷ್ಟು ಗಮನವೇ ಇರಲಿಲ್ಲ ಅವರಿಗೆ. ಕಿಟಕಿಯಾಚೆ ಎದುರು ಮನೆಯವರು ಒಣಗಿದ ಬಟ್ಟೆ ತೆಗೆಯುವುದನ್ನು ನೋಡುತ್ತ ಕಚ್ಚಿದರು, ಅಗಿದರು. ಬೇಕರಿಯಲ್ಲಿ ಕೆಲಸದವರನ್ನು ಗದರುವಾಗಿನ ಧ್ವನಿ ಅವರ ಬಾಯಿಂದ ಬಂತು.

"ಇದು ತಳ ಕೆರೆದು ತುಂಬಿದ ಬಾಟಲಿ ಕಣೇ. ಸೀದಿದೆ."

ಇವಳು ಬಾಟಲಿಯನ್ನು ಬೆಳಕಿಗೆ ಹಿಡಿದಳು. ಉಳಿದವುಗಳದೇ ಬಣ್ಣ, ಏನೂ ವ್ಯತ್ಯಾಸವಿಲ್ಲ. ಒಂದು ಚಮಚ ಬಾಯಿಗೆ ಹಾಕಿಕೊಂಡಳು. ಸಿಹಿಯೂ ಕಹಿಯೂ ಇಳಿದು ಹೋದ ಮೇಲೆ, ಗಂಟಲ ಹತ್ತಿರ, ಸೀದದ್ದು ಒಂದೇ ಒಂದು ಎಳೆಯಷ್ಟು ಹತ್ತಿತು. ಹುಡುಕಿದ್ದಕ್ಕೆ ಸಿಕ್ಕಿತು, ಇಲ್ಲದಿದ್ದರೆ ಇವಳಿಗೆ ಸಿಗುತ್ತಲೂ ಇರಲಿಲ್ಲ.

"ಯಾರು ಹೇಳಿದ್ರು ನಿಮಗೆ?" ಎಂದಳು.

"ಯಾರು ಹೇಳಬೇಕು, ತಿಂದ್ರೆ ಗೊತ್ತಾಗಲ್ವ" ಎಂದವರು ಅಲ್ಲಿಗೇ ನಿಂತರು. ಕೈಯಲ್ಲಿದ್ದ ಬ್ರೆಡ್ಡನ್ನು ನೋಡಿದರು. ಇನ್ನೊಂದು ಸಲ, ಈ ಸಲ ಹೆದರಿ ಹೆದರಿ, ಒಂದು ಚೂರು ಕಚ್ಚಿದರು. ಕಿಟಕಿಯಾಚೆಯ ಹೆಂಗಸು ಬಟ್ಟೆಯ ಗಂಟು ಎತ್ತಿಕೊಂಡು ಒಳಗೆ ಹೋದಳು. ಮೇಸ್ತ್ರಿ ಇವಳ ಕಡೆ ತಿರುಗಿದರು.

"ಸಿಪ್ಪೆ ತೊಳೆದೆ ಅಂದ್ಯಲ್ಲ. ನಿಜವಾ?"

"ತೊಳೆದೆ. ಮೂರು ನೀರು."

ಅವರು ತಲೆಯಾಡಿಸಿದರು. "ಬೆಳಿಗ್ಗೆ ಬೀಗದಕೈ ಕೊಟ್ಟಾಗ ಅವನ ಹೆಂಡತಿಯೂ ಅಲ್ಲೇ ಇದ್ಲು" ಎಂದರು. "ಮಗು ಎತ್ಕೊಂಡು ಬಂದಿದ್ಲು, ಅಪ್ಪ ಕೆಲಸ ಮಾಡೋ ಜಾಗ ತೋರಿಸ್ಬೇಕು ಅಂತ. ಎಷ್ಟು ಖುಷಿಯಾಗಿದ್ಲು ಗೊತ್ತಾ."

ಆಮೇಲೆ ಅವರು ಬ್ರೆಡ್ಡನ್ನು ಚೂರು ಚೂರಾಗಿ, ಒಂದೊಂದನ್ನೂ ನಾಲಿಗೆಯ ಮೇಲೆ ಇಟ್ಟುಕೊಂಡು ತಿಂದರು. ಕಣ್ಣಿನಿಂದ ನೀರು ಇಳಿದು ಗಲ್ಲದ ತನಕ ಬರುತ್ತಿತ್ತು, ಒರೆಸಿಕೊಳ್ಳಲಿಲ್ಲ. ಇವಳು ಎದುರಿಗೇ ಕೂತಿದ್ದಳು. ಏನಾದರೂ ಹೇಳಬೇಕಿತ್ತು. ಒಂದು ವರ್ಷದಿಂದ ಬೇಕೆಂದಾಗಲೆಲ್ಲ ಬಾಯಿಗೆ ಬರುತ್ತಿದ್ದ ಅಷ್ಟೊಂದು ಸುಳ್ಳುಗಳಲ್ಲಿ ಒಂದೂ ಇವಳಿಗೆ ಹೊಳೆಯಲಿಲ್ಲ.